ಸ್ಟೇಷನ್‌ಗೆ ಬಾ ಅಂದ್ರೆ ಮೊದಲು ನೋಟಿಸ್ ಕೇಳಿ: ಓದುಗರ ಕಾನೂನು ಪ್ರಶ್ನೆಗಳು

ಈ ಸಲ ಬಂದಿರೋ ಪತ್ರಗಳಲ್ಲಿ ಅರ್ಧಕ್ಕರ್ಧ ಪೊಲೀಸು, ಅರೆಸ್ಟು, ಜಾಮೀನು ಇದರ ಬಗ್ಗೆನೇ. ಎಲ್ಲಾನೂ ಹಾಕೋಕೆ ಜಾಗ ಇಲ್ಲ. ಮೊದಲನೇ ಪತ್ರಕ್ಕೆ ಉದ್ದ ಉತ್ತರ ಕೊಟ್ಟಿದ್ದೀನಿ, ಯಾಕಂದ್ರೆ ಅದು ಯಾರ ಮನೇಲಿ ಬೇಕಾದ್ರೂ ಆಗಬಹುದು.

ಪ್ರಶ್ನೆ: ಸರ್, ರಾತ್ರಿ ಹತ್ತೂವರೆಗೆ ಮಫ್ತಿಲಿದ್ದ ಇಬ್ಬರು ಪೊಲೀಸ್ರು ಬಂದು "ಸುಮ್ನೆ ವಿಚಾರಣೆ ಅಷ್ಟೇ, ಬೆಳಿಗ್ಗೆ ಕಳಿಸ್ತೀವಿ" ಅಂತ ನನ್ನ ಮಗನ್ನ ಬೈಕಲ್ಲಿ ಕೂರಿಸ್ಕೊಂಡು ಹೋದ್ರು. ಬೆಳಿಗ್ಗೆ ಹೋಗಿ ಕೇಳಿದ್ರೆ ಅರೆಸ್ಟೇ ಮಾಡಿಲ್ಲ ಅಂದ್ರು. ಬಿಟ್ಟಿದ್ದು ಎರಡನೇ ದಿನ ಸಂಜೆ. ಕೇಸಿಲ್ಲ, ಒಂದು ಕಾಗದ ಇಲ್ಲ. ಈಗ ಅವನು ಕೆಲಸಕ್ಕೆ ಹೋಗೋಕೂ ಹೆದರ್ತಾನೆ. ಅವರು ಮತ್ತೆ ಬಂದ್ರೆ ಏನು ಮಾಡ್ಲಿ?
– ಒಬ್ಬ ತಾಯಿ (ಹೆಸರು, ಊರು ಬೇಡ ಅಂದಿದ್ದಾರೆ)

ಉತ್ತರ: ಅಮ್ಮಾ, ಅವರು ಮಾಡಿದ್ದು ತಪ್ಪು, ಇದರಲ್ಲಿ ಎರಡು ಮಾತಿಲ್ಲ. ಕಾನೂನಲ್ಲಿ "ಸುಮ್ನೆ ವಿಚಾರಣೆ" ಅಂತ ರಾತ್ರಿಯೆಲ್ಲಾ ಕೂರಿಸ್ಕೊಳ್ಳೋ ವ್ಯವಸ್ಥೆನೇ ಇಲ್ಲ. ನಿಮ್ಮ ಮಗನಿಗೆ ಎದ್ದು ಮನೆಗೆ ಹೋಗೋಕೆ ಬಿಡ್ಲಿಲ್ಲ ಅಂದ್ರೆ ಅದು ಬಂಧನನೇ, ರಿಜಿಸ್ಟರಲ್ಲಿ ಬರೀಲಿ ಬಿಡ್ಲಿ.

ಪೊಲೀಸ್ರು ಒಬ್ಬರನ್ನ ಕರೆಸ್ಕೊಳ್ಳೋಕೆ ದಾರಿ ಇದೆ. 2024ರ ಜುಲೈ 1ರಿಂದ ಹಳೇ ಸಿಆರ್‌ಪಿಸಿ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂತಲ್ಲ, ಅದರ ಸೆಕ್ಷನ್ 179ರಲ್ಲಿ ಸಾಕ್ಷಿ ಹೇಳೋಕೆ ಕರೀಬಹುದು, ಆದ್ರೆ ಲಿಖಿತ ಆದೇಶ ಕೊಟ್ಟು ಕರೀಬೇಕು. ಹೆಂಗಸರನ್ನ, 15 ವರ್ಷದೊಳಗಿನ ಹುಡುಗರನ್ನ, 60 ದಾಟಿದ ಗಂಡಸರನ್ನ ಸಾಕ್ಷಿಗೆ ಅಂತ ಸ್ಟೇಷನ್‌ಗೆ ಕರೆಸೋ ಹಾಗಿಲ್ಲ, ಅವರ ಮನೆಗೇ ಹೋಗಿ ಕೇಳಬೇಕು. ಆರೋಪಿ ಅಂತ ಅನುಮಾನ ಇದ್ದು ಅರೆಸ್ಟ್ ಬೇಕಾಗಿಲ್ಲ ಅಂದ್ರೆ ಸೆಕ್ಷನ್ 35(3)ರ ನೋಟಿಸ್ ಕೊಡಬೇಕು. ಆದ್ದರಿಂದ ಯಾರೇ ಬಂದು ಕರೆದ್ರೂ ಮೊದಲ ಮಾತು "ಸಾರ್, ನೋಟಿಸ್ ಕೊಡಿ" ಅಂತಿರಲಿ, ಕೈಗೆ ಬಂದ ಮೇಲೆ 179 ಅಂತಿದ್ಯಾ 35 ಅಂತಿದ್ಯಾ ಅಂತ ನೋಡಿ, ಮೊದಲನೇದಾದ್ರೆ ನೀವು ಸಾಕ್ಷಿ, ಎರಡನೇದಾದ್ರೆ ಹೋಗೋ ಮುಂಚೆನೇ ವಕೀಲರ ಹತ್ರ ಮಾತಾಡಿ, ಆದ್ರೆ ಹೋಗದೆ ಮಾತ್ರ ಇರಬೇಡಿ, 35ರ ನೋಟಿಸಿಗೆ ಹೋಗ್ಲಿಲ್ಲ ಅಂದ್ರೆ ಅದೇ ಕಾರಣಕ್ಕೆ ಅರೆಸ್ಟ್ ಮಾಡಬಹುದು. ವಾಟ್ಸಾಪಲ್ಲಿ ಈ ನೋಟಿಸ್ ಕಳಿಸಿದ್ರೆ ನಡೆಯಲ್ಲ ಅಂತ ಸುಪ್ರೀಂ ಕೋರ್ಟು 2025ರ ಜನವರಿಯಲ್ಲಿ ಹೇಳಿದೆ.

ಇನ್ನು ಅರೆಸ್ಟೇ ಮಾಡ್ತೀವಿ ಅಂದ್ರೆ ಅರೆಸ್ಟ್ ಮೆಮೋ ಬರೀಬೇಕು. ಅದಕ್ಕೆ ಮನೆಯವರೊಬ್ಬರು ಅಥವಾ ಊರಿನ ಗೌರವಸ್ಥರೊಬ್ಬರು ಸಾಕ್ಷಿ ಹಾಕಬೇಕು, ಅರೆಸ್ಟ್ ಆದವನೂ ಸಹಿ ಹಾಕಬೇಕು. ಇದು ಶುರುವಾಗಿದ್ದೇ ಒಂದು ಪತ್ರದಿಂದ. 1986ರ ಆಗಸ್ಟ್‌ನಲ್ಲಿ ಪಶ್ಚಿಮ ಬಂಗಾಳದ ಕಾನೂನು ನೆರವು ಸಂಸ್ಥೆಯ ಡಿ.ಕೆ. ಬಸು ಅವರು ಲಾಕಪ್ ಸಾವುಗಳ ಪತ್ರಿಕಾ ವರದಿಗಳನ್ನಿಟ್ಟು ಸುಪ್ರೀಂ ಕೋರ್ಟಿಗೆ ಪತ್ರ ಬರೆದ್ರು, ಕೋರ್ಟು ಅದನ್ನೇ ರಿಟ್ ಅರ್ಜಿ ಅಂತ ತಗೊಳ್ತು, ತೀರ್ಪು ಬಂದಿದ್ದು 1996ರ ಡಿಸೆಂಬರ್‌ನಲ್ಲಿ. ಹತ್ತು ವರ್ಷ ಹಿಡೀತು. ಅರೆಸ್ಟಿನ ದಿನ ಮತ್ತು ಟೈಮು ಬರೀಬೇಕು, ಮನೆಯವರಿಗೆ ಹೇಳಬೇಕು, ಮೈಮೇಲಿನ ಗಾಯ ದಾಖಲು ಮಾಡಬೇಕು, ಕಸ್ಟಡಿಲಿದ್ದಾಗ 48 ಗಂಟೆಗೊಂದು ಸಲ ಡಾಕ್ಟರ್ ನೋಡಬೇಕು ಅನ್ನೋದೆಲ್ಲಾ ಆ ತೀರ್ಪಲ್ಲಿ ಬಂದಿದ್ದು.

ಟೈಮು ಬರೆಸೋದೇ ಮುಖ್ಯ ಯಾಕೆ ಅಂತ ಹೇಳ್ತೀನಿ ಕೇಳಿ. ಸಂವಿಧಾನದ 22(2)ನೇ ವಿಧಿ ಪ್ರಕಾರ ಪ್ರಯಾಣದ ಸಮಯ ಬಿಟ್ಟು 24 ಗಂಟೆ ಒಳಗೆ ಮ್ಯಾಜಿಸ್ಟ್ರೇಟ್ ಮುಂದೆ ನಿಲ್ಲಿಸಬೇಕು. ರಾತ್ರಿ ಹತ್ತೂವರೆಗೆ ಕರ್ಕೊಂಡು ಹೋಗಿ ಮಾರನೇ ದಿನ ಸಂಜೆ ಆರಕ್ಕೆ ಅರೆಸ್ಟ್ ಆಯ್ತು ಅಂತ ಬರೆದ್ರೆ ಆ ಲೆಕ್ಕ ಅಲ್ಲಿಂದ ಶುರುವಾಗುತ್ತೆ, ನಡುವಿನ ಹತ್ತೊಂಬತ್ತೂವರೆ ಗಂಟೆ ನಿಮ್ಮ ಮಗ ಎಲ್ಲಿದ್ದ ಅಂತ ಯಾವ ಕಾಗದದಲ್ಲೂ ಇರಲ್ಲ, ಹೊಡೆತ ಬೀಳೋದು ಸಾಮಾನ್ಯವಾಗಿ ಆ ಗಂಟೆಗಳಲ್ಲೇ. ಅದಕ್ಕೆ ಕರ್ಕೊಂಡು ಹೋದ ತಕ್ಷಣ ಜಿಲ್ಲೆ ಎಸ್‌ಪಿಗೆ, ನಗರ ಆದ್ರೆ ಕಮಿಷನರಿಗೆ ಇಮೇಲ್ ಹಾಕಿ, ಇಂಥ ಹೊತ್ತಿಗೆ ಇಷ್ಟು ಜನ ಬಂದು ಕರ್ಕೊಂಡು ಹೋದ್ರು ಅಂತ ಎರಡು ಸಾಲು ಸಾಕು, ಕನ್ನಡದಲ್ಲೇ ಬರೀರಿ. ಅದರಲ್ಲಿ ಬೀಳೋ ಟೈಮನ್ನ ಯಾರೂ ತಿದ್ದೋಕಾಗಲ್ಲ. ಬೆಳಿಗ್ಗೆಯಾದ್ರೂ "ಅರೆಸ್ಟೇ ಆಗಿಲ್ಲ" ಅಂತಿದ್ರೆ ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ, ಅಂದ್ರೆ ಹಿಡಿದಿಟ್ಟವರನ್ನ ಕೋರ್ಟ್ ಮುಂದೆ ತಂದು ನಿಲ್ಲಿಸಿ ಅನ್ನೋ ಅರ್ಜಿ ಹಾಕಬಹುದು, ಬೆಂಗಳೂರಿಗೇ ಬರಬೇಕಂತಿಲ್ಲ, ಧಾರವಾಡ ಮತ್ತು ಕಲಬುರಗಿ ಪೀಠಗಳೂ ಇವೆ.

ಈಗ ಮುಗಿದು ಹೋಗಿದ್ದಕ್ಕೂ ದಾರಿ ಇದೆ. ಠಾಣೆಗಳಲ್ಲಿ ಸಿಸಿಟಿವಿ ಇರಬೇಕು, ರೆಕಾರ್ಡಿಂಗ್ 18 ತಿಂಗಳು, ಆಗದಿದ್ರೆ ಕನಿಷ್ಠ ಒಂದು ವರ್ಷ ಇಡಬೇಕು ಅಂತ 2020ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟು ಆದೇಶ ಮಾಡಿದೆ. ಆ ಎರಡು ದಿನದ ಫೂಟೇಜ್ ಅಳಿಸದೆ ಉಳಿಸಿಡಿ ಅಂತ ಇವತ್ತೇ ಎಸ್‌ಪಿಗೆ ರಿಜಿಸ್ಟರ್ಡ್ ಪೋಸ್ಟಲ್ಲಿ ಅರ್ಜಿ ಕಳಿಸಿ. ರಾಜ್ಯ ಮಾನವ ಹಕ್ಕುಗಳ ಆಯೋಗಕ್ಕೂ ದೂರು ಕೊಡಿ, ಫೀಸಿಲ್ಲ, ಘಟನೆ ಆಗಿ ಒಂದು ವರ್ಷದೊಳಗೆ ಕೊಡಬೇಕು. ಆಯೋಗ ಶಿಫಾರಸು ಮಾಡಬಹುದೇ ಹೊರತು ಶಿಕ್ಷೆ ಕೊಡೋಕಾಗಲ್ಲ ಅನ್ನೋದು ದೊಡ್ಡ ಕೊರತೆ, ಆದ್ರೂ ಆ ದೂರು ದಾಖಲೆಯಾಗಿ ಉಳಿಯುತ್ತೆ, ಮತ್ತೆ ಅವರು ಬಾಗಿಲು ತಟ್ಟೋ ಮುಂಚೆ ಯೋಚನೆ ಮಾಡ್ತಾರೆ. ನಿಮ್ಮ ಮಗನಿಗೆ ಹೇಳಿ, ತಲೆ ತಗ್ಗಿಸೋ ಕೆಲಸ ಅವನು ಮಾಡಿಲ್ಲ.

ಪ್ರಶ್ನೆ: ಎಮರ್ಜೆನ್ಸಿಲಿ ಜನರನ್ನ ಕಾರಣ ಹೇಳದೆ ಜೈಲಿಗೆ ಹಾಕಿದಾಗ ಕೋರ್ಟು ಯಾಕೆ ಸುಮ್ಮನಿತ್ತು? ನಾವು ಆರಿಸಿ ಕಳಿಸಿದ ಪಾರ್ಲಿಮೆಂಟಿಗೆ ಬಹುಮತ ಇದ್ರೆ ಮತ್ತೆ ಹಾಗೆ ಮಾಡಬಹುದಾ?
– ಕಾನೂನು ವಿದ್ಯಾರ್ಥಿನಿ, ಧಾರವಾಡ

ಉತ್ತರ: ಎಲ್ಲಾ ಕೋರ್ಟೂ ಸುಮ್ಮನಿರಲಿಲ್ಲಮ್ಮ. ನಮ್ಮದೂ ಸೇರಿ ಒಂಬತ್ತು ಹೈಕೋರ್ಟುಗಳು ಬಂಧಿತರ ಅರ್ಜಿ ಕೇಳ್ತೀವಿ ಅಂದಿದ್ವು. 1975ರ ಜೂನ್ 26ರಂದು ಸಂಸದೀಯ ಸಮಿತಿ ಸಭೆಗೆ ಅಂತ ಬೆಂಗಳೂರಿಗೆ ಬಂದಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಅವರನ್ನ ಇಲ್ಲೇ ಹಿಡಿದು ಜೈಲಿಗೆ ಹಾಕಿದ್ರು, ಅವರ ಅರ್ಜಿ ನಮ್ಮ ಹೈಕೋರ್ಟಲ್ಲೇ ಇತ್ತು. ಆಮೇಲೆ, ವಿಚಾರಣೆಯಿಲ್ಲದೆ ಒಳಗಿಡೋಕೆ ಬಳಸ್ತಿದ್ದ ಮೀಸಾ ಕಾಯ್ದೆಗೆ ತಿದ್ದುಪಡಿ ತಂದು ಬಂಧನಕ್ಕೆ ಕಾರಣ ತಿಳಿಸೋ ಹಾಗೇ ಇಲ್ಲ ಅಂತ ಮಾಡಿದ್ರು.

ಹೈಕೋರ್ಟುಗಳ ಆ ನಿಲುವಿನ ವಿರುದ್ಧ ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯ್ತು. ಅಲ್ಲಿ ನ್ಯಾಯಮೂರ್ತಿ ಎಚ್.ಆರ್. ಖನ್ನಾ ನೇರವಾಗಿ ಒಂದು ಪ್ರಶ್ನೆ ಕೇಳಿದ್ರು: ಒಬ್ಬ ಪೊಲೀಸ್ ಅಧಿಕಾರಿ ಸ್ವಂತ ದ್ವೇಷಕ್ಕೆ ಒಬ್ಬನ್ನ ಕೊಂದ್ರೂ ಪರಿಹಾರ ಇಲ್ವಾ? ಎಮರ್ಜೆನ್ಸಿ ಇರೋವರೆಗೆ ಇಲ್ಲ ಅಂದ್ರು ಅಟಾರ್ನಿ ಜನರಲ್. 1976ರ ಏಪ್ರಿಲ್ 28ಕ್ಕೆ ನಾಲ್ಕು ಜಡ್ಜ್‌ಗಳು ಸರ್ಕಾರದ ಪರ ಬರೆದ್ರು, ಖನ್ನಾ ಒಬ್ಬರೇ ವಿರುದ್ಧ ಬರೆದ್ರು. ಮುಂದಿನ ಜನವರಿಯಲ್ಲಿ ಅವರ ಸೀನಿಯಾರಿಟಿ ಬದಿಗಿಟ್ಟು ಬೇರೆಯವರನ್ನ ಮುಖ್ಯ ನ್ಯಾಯಮೂರ್ತಿ ಮಾಡಿದ್ರು, ಅವರು ರಾಜೀನಾಮೆ ಕೊಟ್ಟು ಹೊರಬಂದ್ರು. ಅದೇ ಜನವರಿಯಲ್ಲಿ ಬೆಂಗಳೂರು ಜೈಲಲ್ಲಿದ್ದ ನಟಿ ಸ್ನೇಹಲತಾ ರೆಡ್ಡಿ, ಆಸ್ತಮಾದಿಂದ ನರಳಿ ನರಳಿ, ಪೆರೋಲ್ ಮೇಲೆ ಬಿಟ್ಟ ಕೆಲವೇ ದಿನಕ್ಕೆ ತೀರಿಕೊಂಡ್ರು. ಆ ಜೈಲೇ ಈಗಿನ ಫ್ರೀಡಂ ಪಾರ್ಕ್. ಬೆಂಗಳೂರಲ್ಲಿ ಪ್ರತಿಭಟನೆ ಮಾಡೋದಾದ್ರೆ ಅಲ್ಲೇ ಮಾಡಿ ಅಂತ 2021ರ ಆದೇಶ ಬೇರೆ ಇದೆ, ನನಗಂತೂ ಅದು ಒಪ್ಪಿಗೆಯಿಲ್ಲ. ಸರ್ಕಾರಕ್ಕೆ ಕಾಣದ ಮೂಲೆಗೆ ಜನರ ದನೀನ ತಳ್ಳಬಾರದು.

ಮತ್ತೆ ಮಾಡಬಹುದಾ ಅಂದ್ರೆ, ಅದೇ ರೀತಿ ಕಷ್ಟ. ಸಂವಿಧಾನದ 1978ರ 44ನೇ ತಿದ್ದುಪಡಿ ಪ್ರಕಾರ 20 ಮತ್ತು 21ನೇ ವಿಧಿಯ ಹಕ್ಕುಗಳನ್ನ (21 ಅಂದ್ರೆ ಜೀವ ಮತ್ತು ಸ್ವಾತಂತ್ರ್ಯದ ಹಕ್ಕು) ತುರ್ತುಪರಿಸ್ಥಿತಿಯಲ್ಲೂ ಅಮಾನತಲ್ಲಿಡೋಕಾಗಲ್ಲ. "ಆಂತರಿಕ ಕ್ಷೋಭೆ" ಅನ್ನೋ ಕಾರಣ ತೆಗೆದು "ಸಶಸ್ತ್ರ ಬಂಡಾಯ" ಅಂತ ಮಾಡಿದ್ರು. ಮತ್ತೆ, ಸಂಪುಟದ ತೀರ್ಮಾನ ರಾಷ್ಟ್ರಪತಿಗೆ ಬರಹದಲ್ಲೇ ಹೋಗಬೇಕು. 1975ರಲ್ಲಿ ರಾಷ್ಟ್ರಪತಿಗಳು ರಾತ್ರಿ ಸಹಿ ಹಾಕಿ ಆಗಿತ್ತು, ಸಂಪುಟಕ್ಕೆ ಗೊತ್ತಾಗಿದ್ದು ಬೆಳಿಗ್ಗೆ, ಅದಕ್ಕೇ ಈ ಷರತ್ತು ಬಂತು. ಬಹುಮತ ಇದೆ ಅಂತ ಸಂವಿಧಾನದ ಮೂಲ ರಚನೆ ಮುಟ್ಟೋ ಹಾಗಿಲ್ಲ ಅಂತ 1973ರ ಕೇಶವಾನಂದ ಭಾರತಿ ತೀರ್ಪೇ ಹೇಳಿದೆ, ಆ ಅರ್ಜಿ ಹಾಕಿದ್ದು ಕಾಸರಗೋಡಿನ ಎಡನೀರು ಮಠದ ಸ್ವಾಮಿಗಳು. 1976ರ ತೀರ್ಪನ್ನ 2017ರಲ್ಲಿ ಸುಪ್ರೀಂ ಕೋರ್ಟೇ ರದ್ದು ಮಾಡ್ತು, ಆ ಕೇಸು ಹಾಕಿದ್ದು ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಅವರು.

ಆದ್ರೆ ಎಮರ್ಜೆನ್ಸಿ ಇಲ್ಲದೇನೂ ವಿಚಾರಣೆಯಿಲ್ಲದೆ ಒಳಗಿಡೋ ಕಾನೂನುಗಳು ಇವತ್ತೂ ಇವೆ, ನಮ್ಮ ರಾಜ್ಯದ 1985ರ ಗೂಂಡಾ ಕಾಯ್ದೆಯಲ್ಲಿ ಒಂದು ವರ್ಷದವರೆಗೆ ಇಡಬಹುದು. ಪ್ರಜಾಪ್ರಭುತ್ವದಲ್ಲಿ ಇದು ಇರಲೇಬಾರದು ಅಂತ ನಾನು ನಂಬ್ತೀನಿ. ಇರೋವರೆಗೂ ಉಳಿದಿರೋ ಆಸರೆ 22(5)ನೇ ವಿಧಿ, ಕಾರಣ ತಿಳಿಸಲೇಬೇಕು, ಅದೂ ಆ ಮನುಷ್ಯನಿಗೆ ಅರ್ಥ ಆಗೋ ಭಾಷೆಯಲ್ಲಿ. 1962ರ ಕೇಸೊಂದರಲ್ಲಿ ಹರಿಕಿಷನ್ ಅನ್ನೋರಿಗೆ ಇಂಗ್ಲಿಷಲ್ಲಿ ಆದೇಶ ಕೊಟ್ಟು ಬಾಯಲ್ಲಿ ಹಿಂದಿಯಲ್ಲಿ ವಿವರಿಸಿದ್ದೀವಿ ಅಂದ್ರು ಅಧಿಕಾರಿಗಳು, ಬಾಯಿಮಾತು ಸಾಲಲ್ಲ ಅಂತ ಸುಪ್ರೀಂ ಕೋರ್ಟು ಬಂಧನಾನೇ ರದ್ದು ಮಾಡ್ತು.

ಪ್ರಶ್ನೆ: ಶಾಸಕರನ್ನ ಟೀಕಿಸಿದ ಒಂದು ಪೋಸ್ಟ್ ಶೇರ್ ಮಾಡಿದ್ದಕ್ಕೆ 66ಎ ಕೇಸ್ ಹಾಕಿಸ್ತೀವಿ ಅಂತ ಅವರ ಕಡೆಯವರು ಹೆದರಿಸ್ತಿದ್ದಾರೆ. ಡಿಲೀಟ್ ಮಾಡ್ಲಾ?
– ಓದುಗ, ತುಮಕೂರು

ಉತ್ತರ: ಐಟಿ ಕಾಯ್ದೆಯ 66ಎ ಅನ್ನೋ ಸೆಕ್ಷನ್ 2015ರ ಮಾರ್ಚ್ 24ಕ್ಕೇ ರದ್ದಾಗಿದೆ, ಅದರಡಿ ಯಾರ ಮೇಲೂ ಕೇಸು ನಡೆಸೋ ಹಾಗಿಲ್ಲ ಅಂತ 2022ರಲ್ಲಿ ಮತ್ತೆ ಹೇಳಿಸ್ಕೊಂಡಾಗಿದೆ. ಟೀಕೆ ಅಪರಾಧ ಅಲ್ಲ. ಆದ್ರೆ ಆ ಪೋಸ್ಟಲ್ಲಿ ಜಾತಿ ಧರ್ಮ ಎತ್ತಿಕಟ್ಟೋ ಮಾತು, ಹೊಡೀರಿ ಕಡೀರಿ ಅನ್ನೋದು, ಸುಳ್ಳು ಆರೋಪ ಇದ್ರೆ ಬೇರೆ ಸೆಕ್ಷನ್ ಬರುತ್ತೆ, ಒಂದ್ಸಲ ಓದಿ ನೋಡಿ. ಬರೀ ಟೀಕೆ ಆಗಿದ್ರೆ ಡಿಲೀಟ್ ಮಾಡಬೇಡಿ, ಬೆದರಿಕೆ ಹಾಕಿದ ಮೆಸೇಜುಗಳನ್ನೂ ಸ್ಕ್ರೀನ್‌ಶಾಟ್ ತೆಗೆದಿಟ್ಕೊಳ್ಳಿ.

ಪ್ರಶ್ನೆ: ಅಂಗಡಿಲಿ ಕಳ್ಳತನ ಆಗಿದೆ, ತಪ್ಪಿಲ್ಲ ಅಂದ್ರೆ ಮಂಪರು ಪರೀಕ್ಷೆಗೆ ಒಪ್ಕೊ ಅಂತಿದ್ದಾರೆ. ಒಪ್ಪದಿದ್ರೆ ನಾನೇ ಕಳ್ಳ ಅಂತಾಗುತ್ತಾ?
– ಓದುಗ, ಹುಬ್ಬಳ್ಳಿ

ಉತ್ತರ: ಆಗಲ್ಲ. 2010ರ ಸೆಲ್ವಿ ಕೇಸಲ್ಲಿ, ಅದು ಕರ್ನಾಟಕ ಸರ್ಕಾರದ ವಿರುದ್ಧದ್ದೇ, ಮಂಪರು ಪರೀಕ್ಷೆ, ಸುಳ್ಳುಪತ್ತೆ ಪರೀಕ್ಷೆ, ಬ್ರೈನ್ ಮ್ಯಾಪಿಂಗ್ ಯಾವುದನ್ನೂ ಒಪ್ಪಿಗೆಯಿಲ್ಲದೆ ಮಾಡೋ ಹಾಗಿಲ್ಲ ಅಂತ ತೀರ್ಮಾನ ಆಗಿದೆ. ಒಪ್ಪೋದಾದ್ರೂ ಮ್ಯಾಜಿಸ್ಟ್ರೇಟ್ ಮುಂದೆ, ವಕೀಲರ ಜೊತೆಯಲ್ಲಿ ಒಪ್ಪಬೇಕು. ಬೇಡ ಅನ್ನಿ, ಅಷ್ಟೇ.

ಪ್ರಶ್ನೆ: ಇದೆಲ್ಲಾ ಸರಿ ಸಾರ್, ವಕೀಲರಿಗೆ ಕೊಡೋಕೆ ದುಡ್ಡೆಲ್ಲಿಂದ ತರೋದು?
– ಕೂಲಿ ಕಾರ್ಮಿಕ, ರಾಯಚೂರು

ಉತ್ತರ: ನ್ಯಾಯಯುತ ಪ್ರಶ್ನೆ ಅಣ್ಣಾ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ ಪ್ರಕಾರ ಕಸ್ಟಡಿಯಲ್ಲಿರೋರಿಗೆ, ಹೆಂಗಸರಿಗೆ, ಮಕ್ಕಳಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ, ಇನ್ನೂ ಕೆಲವರಿಗೆ ಆದಾಯ ಎಷ್ಟೇ ಇದ್ರೂ ಉಚಿತ ವಕೀಲರು ಸಿಗ್ತಾರೆ, ಉಳಿದವರಿಗೆ ಆದಾಯ ಕಡಿಮೆ ಇದ್ರೆ ಸಿಗ್ತಾರೆ. ಜಿಲ್ಲಾ ಕೋರ್ಟಲ್ಲಿ ಕಾನೂನು ಸೇವೆಗಳ ಪ್ರಾಧಿಕಾರದ ಆಫೀಸ್ ಇರುತ್ತೆ, ತಾಲೂಕಲ್ಲೂ ಸಮಿತಿ ಇದೆ, ಫೋನ್ ಆದ್ರೆ 15100. ಯಾರನ್ನಾದ್ರೂ ಹಿಡ್ಕೊಂಡು ಹೋದ ದಿನವೇ ಫೋನ್ ಮಾಡಿ, ರಿಮ್ಯಾಂಡ್‌ಗೆ ಮ್ಯಾಜಿಸ್ಟ್ರೇಟ್ ಮುಂದೆ ಹಾಜರುಪಡಿಸೋ ಹೊತ್ತಿಗೆ ವಕೀಲರು ಪಕ್ಕದಲ್ಲಿ ನಿಂತಿರಬೇಕು. ಮ್ಯಾಜಿಸ್ಟ್ರೇಟ್ ಕೇಳಿದಾಗ ಎಷ್ಟು ಹೊತ್ತಿಗೆ ಹಿಡಿದ್ರು, ಹೊಡೆದ್ರಾ ಇಲ್ವಾ ಅಂತ ಬಾಯಿಬಿಟ್ಟು ಹೇಳಬೇಕು, ಕೇಳದಿದ್ರೂ ಕೈ ಮುಗಿದು ತಾನಾಗೇ ಹೇಳಬೇಕು, ಮತ್ತು ಹೇಳಿದ್ದು ಆರ್ಡರ್ ಶೀಟಲ್ಲಿ ಬಂತಾ ಅಂತ ವಕೀಲರ ಹತ್ರ ಕೇಳಿ ತಿಳ್ಕೊಳ್ಳಿ.