ಎರಡನೇ ಸ್ಥಾನದ ತಕರಾರು

ಪತ್ರ: ಮಗನ ಫೋನಿನಲ್ಲಿ ಬ್ರಿಟನ್ನಿನ ಸೆಕ್ಸ್ ಪಿಸ್ಟಲ್ಸ್ ರಾಕ್ ತಂಡದ ‘ಗಾಡ್ ಸೇವ್ ದ ಕ್ವೀನ್’ ಕೇಳಿದೆ. ರಾಣಿ ಎಲಿಜಬೆತ್ ಪಟ್ಟಕ್ಕೇರಿದ 25ನೇ ವರ್ಷದ ಹಬ್ಬ ಕೆಡಿಸಲೆಂದೇ ಇದನ್ನು ಬರೆದರಂತೆ, ನಿಜವೇ? ನಂಬರ್ ಒನ್ ಆಗಬೇಕಿದ್ದ ಹಾಡನ್ನು ಮೋಸದಿಂದ ಎರಡಕ್ಕೆ ಇಳಿಸಿದರಂತೆ, ಹೌದೇ? ಕೊನೆಯದಾಗಿ, ಈ ಕಿರುಚಾಟದಲ್ಲಿ ಸಂಗೀತ ಎಲ್ಲಿದೆ ಸ್ವಾಮಿ?

ಸಂಪಾದಕರ ಉತ್ತರ: ಬರೆದದ್ದು ಹಬ್ಬಕ್ಕಲ್ಲ, ಬಿಟ್ಟದ್ದು ಹಬ್ಬಕ್ಕೆ. ಇವೆರಡನ್ನೂ ಕಲಸಿ ಹೇಳುವವರೇ ಜಾಸ್ತಿ.

ಹಬ್ಬ ನಡೆದದ್ದು 1977ರ ಜೂನ್‌ನಲ್ಲಿ. ಈ ಹಾಡನ್ನು ತಂಡ 1976ರಲ್ಲೇ ‘ನೋ ಫ್ಯೂಚರ್’ (ಭವಿಷ್ಯವೇ ಇಲ್ಲ) ಎಂಬ ಹೆಸರಿನಲ್ಲಿ ವೇದಿಕೆಯ ಮೇಲೆ ಹಾಡಿತ್ತು. ಸಾಹಿತ್ಯ ಬರೆದ ಜಾನಿ ರಾಟನ್, ಅಂದರೆ ಜಾನ್ ಲೈಡನ್, ಆಗ ಇಪ್ಪತ್ತರ ಹುಡುಗ. ಐರ್ಲೆಂಡಿನಿಂದ ವಲಸೆ ಬಂದವರ ಮಗ, ಉತ್ತರ ಲಂಡನ್ನಿನ ಬಡ ಕೇರಿಯಲ್ಲಿ ಬೆಳೆದವನು. ಒಂದು ಬೆಳಿಗ್ಗೆ ತಿಂಡಿಗೆ ಬೀನ್ಸ್ ಬೇಯುವಷ್ಟರಲ್ಲಿ ಬರೆದು ಮುಗಿಸಿದೆ ಅಂತ ಅವನೇ ಹೇಳಿಕೊಂಡಿದ್ದಾನೆ. ಆ ವರ್ಷ ಬ್ರಿಟನ್ ಸರ್ಕಾರ ಐಎಂಎಫ್ ಮುಂದೆ ಸಾಲಕ್ಕೆ ಕೈಚಾಚಿತ್ತು. ಕೆಲಸವಿಲ್ಲದವರ ಸಂಖ್ಯೆ ಹತ್ತು ಲಕ್ಷ ದಾಟಿತ್ತು. ಶಾಲೆ ಬಿಟ್ಟ ಹುಡುಗರಿಗೆ ಮುಂದೇನು ಅಂತ ಹೇಳುವವರೇ ಇರಲಿಲ್ಲ. ಹಾಡಿನ ಸಿಟ್ಟು ಅಲ್ಲಿಂದ ಬಂದದ್ದು. ಬೈಗುಳ ಬಿದ್ದದ್ದು ರಾಣಿಯ ತಲೆಗೆ, ಅಷ್ಟೇ. 2022ರಲ್ಲಿ ಇದೇ ಲೈಡನ್, ಇಷ್ಟು ವರ್ಷ ತಾಳಿಕೊಂಡು ಬಂದ ರಾಣಿಯ ಬಗ್ಗೆ ಹೆಮ್ಮೆಯಿದೆ ಎಂದ. ವಯಸ್ಸಾಯಿತು ಅಂತ ನಕ್ಕವರೂ ಇದ್ದಾರೆ. ಅವನ ಜಗಳ ವ್ಯಕ್ತಿಯ ಜೊತೆಗಲ್ಲ, ಸಿಂಹಾಸನದ ಜೊತೆಗೆ ಅಂತ ನನಗೆ ಅನಿಸುತ್ತದೆ.

ಬಿಡುಗಡೆಯ ಕಥೆ ಬೇರೆ. ಅಲ್ಲಿ ಮ್ಯಾನೇಜರ್ ಮಾಲ್ಕಮ್ ಮೆಕ್‌ಲಾರೆನ್‌ನ ವ್ಯಾಪಾರದ ಬುದ್ಧಿ ಕಾಣುತ್ತದೆ. ಟಿವಿಯಲ್ಲಿ ನೇರ ಪ್ರಸಾರದಲ್ಲೇ ಕೆಟ್ಟ ಮಾತಾಡಿದ್ದಕ್ಕೆ ದೇಶವೆಲ್ಲ ಗಲಾಟೆಯಾಗಿ, ಇಎಂಐ ಎಂಬ ರೆಕಾರ್ಡ್ ಕಂಪನಿ 1977ರ ಜನವರಿಯಲ್ಲಿ ತಂಡವನ್ನು ಕೈಬಿಟ್ಟಿತು. ಮಾರ್ಚ್ 10ರಂದು ಎ ಅಂಡ್ ಎಂ ಕಂಪನಿಯ ಜೊತೆ ಒಪ್ಪಂದಕ್ಕೆ ಸಹಿ. ಎಲ್ಲಿ ಗೊತ್ತಾ? ಬಕಿಂಗ್‌ಹ್ಯಾಮ್ ಅರಮನೆಯ ಎದುರಿಗೇ ಮೇಜು ಹಾಕಿ! ವಾರದೊಳಗೆ ಆ ಕಂಪನಿಯೂ ಕೈ ತೊಳೆದುಕೊಂಡಿತು. ಆಗಲೇ ಒತ್ತಿಸಿದ್ದ ಈ ಹಾಡಿನ ಸುಮಾರು 25,000 ಡಿಸ್ಕ್‌ಗಳನ್ನು ನಾಶ ಮಾಡಿಸಿತು. ಅದರಲ್ಲಿ ತಪ್ಪಿಸಿಕೊಂಡ ಬೆರಳೆಣಿಕೆಯ ಪ್ರತಿಗಳಿಗೆ ಇವತ್ತು ಸಂಗ್ರಹಕಾರರು ಲಕ್ಷಗಟ್ಟಲೆ ರೂಪಾಯಿ ಕೊಡುತ್ತಾರೆ. ಮೇ ತಿಂಗಳಲ್ಲಿ ವರ್ಜಿನ್ ಕಂಪನಿ ಮುಂದೆ ಬಂತು. ಡಿಸ್ಕ್ ಒತ್ತುವ ಕಾರ್ಖಾನೆಯ ಕೆಲಸಗಾರರು, ಇಂಥದ್ದನ್ನು ನಾವು ಮುಟ್ಟಲ್ಲ ಅಂತ ಕೈಕಟ್ಟಿ ಕೂತರು. ಅವರ ಮನವೊಲಿಸಿ ಮೇ 27ಕ್ಕೆ ಹಾಡು ಹೊರಬಂತು. ಹಬ್ಬಕ್ಕೆ ಸರಿಯಾಗಿ.

ಡಿಸ್ಕಿನ ಕವರ್ ಮಾಡಿದವನು ಜೇಮಿ ರೀಡ್. ನೀಲಿ, ಬೆಳ್ಳಿ ಬಣ್ಣದಲ್ಲಿ ರಾಣಿಯ ಚಿತ್ರ. ಕಣ್ಣಿದ್ದ ಕಡೆ ಹಾಡಿನ ಹೆಸರು, ಬಾಯಿದ್ದ ಕಡೆ ತಂಡದ ಹೆಸರು. ಅದೂ ಒಂದೊಂದು ಅಕ್ಷರ ಒಂದೊಂದು ಅಳತೆಯಲ್ಲಿ, ಪೇಪರಿನಿಂದ ಹರಿದು ಅಂಟಿಸಿದ ಬೆದರಿಕೆ ಪತ್ರದ ಹಾಗೆ.

ಈಗ ನಿಮ್ಮ ಮೋಸದ ಪ್ರಶ್ನೆ. ಬಿಬಿಸಿ ಹಾಡನ್ನು ನಿಷೇಧಿಸಿದ್ದು ನಿಜ. ಖಾಸಗಿ ರೇಡಿಯೊಗಳೂ ಹಾಕಲಿಲ್ಲ. ವುಲ್‌ವರ್ತ್ಸ್, ಬೂಟ್ಸ್, ಡಬ್ಲ್ಯು ಎಚ್ ಸ್ಮಿತ್‌ನಂಥ ದೊಡ್ಡ ಅಂಗಡಿಗಳು ಮಾರಲಿಲ್ಲ. ಆದರೂ ಹಬ್ಬದ ವಾರದ ಮಾರಾಟದ ಅಧಿಕೃತ ಪಟ್ಟಿಯಲ್ಲಿ ಎರಡನೇ ಸ್ಥಾನಕ್ಕೆ ಬಂತು. ಮೇಲೆ ಕೂತಿದ್ದವನು ಗಾಯಕ ರಾಡ್ ಸ್ಟೀವರ್ಟ್. ಎನ್‌ಎಂಇ ಎಂಬ ಸಂಗೀತ ಪತ್ರಿಕೆ ತನ್ನದೇ ಪಟ್ಟಿಯಲ್ಲಿ ಪಿಸ್ಟಲ್ಸ್‌ಗೆ ಮೊದಲ ಸ್ಥಾನ ಕೊಟ್ಟಿತು. ವರ್ಜಿನ್‌ನವರ ಸ್ವಂತ ಅಂಗಡಿಗಳ ಮಾರಾಟವನ್ನು ಆ ವಾರ ಲೆಕ್ಕಕ್ಕೆ ಹಿಡಿಯಲಿಲ್ಲ ಎಂಬ ಮಾತು ಇವತ್ತಿಗೂ ಇದೆ. ಮಾತಿದೆ ಅಂದೆ, ಸಾಬೀತಾಗಿದೆ ಅನ್ನಲಿಲ್ಲ. ಅಷ್ಟೊಂದು ಅಂಗಡಿಗಳಲ್ಲಿ ಸಿಗದ ಹಾಡು ಮೋಸವಿಲ್ಲದ ಲೆಕ್ಕದಲ್ಲೇ ಎರಡಕ್ಕೆ ನಿಂತಿರಲೂಬಹುದು, ಅಲ್ವಾ? ನನಗೆ ಇದಕ್ಕಿಂತ ದೊಡ್ಡ ಸಾಕ್ಷಿ ಕೆಲವು ಅಂಗಡಿಗಳು ತೂಗುಹಾಕಿದ ಪಟ್ಟಿ. ಅದರಲ್ಲಿ ಈ ಹಾಡಿನ ಜಾಗ ಖಾಲಿ. ಹೆಸರು ಬರೆಯುವುದಕ್ಕೂ ಹೆದರಿದ್ದರು.

ಜೂನ್ 7ರಂದು ತಂಡ ಥೇಮ್ಸ್ ನದಿಯಲ್ಲಿ ದೋಣಿ ಮಾಡಿಕೊಂಡು ಸಂಸತ್ತಿನ ಮುಂದೆಯೇ ಹಾಡಿತು. ದೋಣಿಯ ಹೆಸರೂ ‘ಕ್ವೀನ್ ಎಲಿಜಬೆತ್’. ಪೊಲೀಸರು ಅದನ್ನು ದಡಕ್ಕೆ ತರಿಸಿ, ಮೆಕ್‌ಲಾರೆನ್ ಸೇರಿ ಹಲವರನ್ನು ಹಿಡಿದುಕೊಂಡು ಹೋದರು. ಪ್ರಚಾರದ ಗಿಮಿಕ್ ಅಂತ ಬೇಕಾದರೆ ಅನ್ನಿ, ಒಪ್ಪುತ್ತೇನೆ. ಆದರೆ ಅದೇ ತಿಂಗಳು ಲೈಡನ್‌ಗೆ ಪಬ್ ಒಂದರ ಹೊರಗೆ ಚಾಕು ಹಾಕಿದರು. ಡ್ರಮ್ಮರ್ ಪಾಲ್ ಕುಕ್ ಮೇಲೂ ಹಲ್ಲೆಯಾಯಿತು. ಅದು ಗಿಮಿಕ್ ಅಲ್ಲ.

ಇನ್ನು ಸಂಗೀತ. ಇದನ್ನು ರೆಕಾರ್ಡ್ ಮಾಡಿಸಿದ ಕ್ರಿಸ್ ಥಾಮಸ್, ಬೀಟಲ್ಸ್ ಮತ್ತು ಪಿಂಕ್ ಫ್ಲಾಯ್ಡ್ ಜೊತೆ ಕೆಲಸ ಮಾಡಿದವನು. ಹೆಡ್‌ಫೋನ್ ಹಾಕಿ ಹಾಡುಗಾರನನ್ನು ಬಿಟ್ಟು ಗಿಟಾರ್ ಒಂದನ್ನೇ ಹಿಂಬಾಲಿಸಿ. ಒಂದೇ ಗಿಟಾರ್ ಅನಿಸುತ್ತದೆ. ಆದರೆ ಸ್ಟೀವ್ ಜೋನ್ಸ್ ಅದೇ ಸ್ವರಸಾಲನ್ನು ಒಂದರ ಮೇಲೊಂದು ನುಡಿಸಿ ಪದರ ಪದರವಾಗಿ ಕೂರಿಸಿದ್ದಾನೆ. ಕುಕ್‌ನ ತಾಳ ಎಲ್ಲೂ ಓಡುವುದಿಲ್ಲ, ಎಳೆಯುವುದಿಲ್ಲ. ಕೊನೆಯಲ್ಲಿ ‘ನೋ ಫ್ಯೂಚರ್’ ಅಂತ ಮತ್ತೆ ಮತ್ತೆ ಬರುವ ಸಾಲು ಕಿರುಚಾಟವೇ ಅಲ್ಲ. ಫುಟ್‌ಬಾಲ್ ಮೈದಾನದಲ್ಲಿ ಜನ ಒಟ್ಟಿಗೆ ಹಾಡುವ ಧಾಟಿ. ಮಗನ ಹತ್ತಿರ ಅವರ ಆಲ್ಬಂ ಇದ್ದರೆ ಮೊದಲ ಬದಿ ಪೂರ್ತಿ ಕೇಳಿ, ಈ ಹಾಡೂ ಅಲ್ಲೇ ಇದೆ. ಅದೇ ವರ್ಷ ಅಕ್ಟೋಬರ್‌ನಲ್ಲಿ ಬಂದ ಆ ಆಲ್ಬಂ ಅಧಿಕೃತ ಪಟ್ಟಿಯಲ್ಲೇ ನೇರವಾಗಿ ನಂಬರ್ ಒನ್ ಆಯಿತು. ಅದಕ್ಕೆ ಯಾವ ತಕರಾರೂ ಇಲ್ಲ.