ಗಂಡನ ಫೋನಿನಲ್ಲಿ ಮನುಷ್ಯರನ್ನು ನುಂಗುವ ಚಿತ್ರಗಳು: ಪ್ರತಿಕ್ರಿಯೆ

ನಿಮ್ಮ ಯಜಮಾನರ ಫೋನಿನಲ್ಲಿ ಕಂಡವೆಂದು ನೀವು ಬರೆದ, ಹೆಬ್ಬಾವು ಮನುಷ್ಯನನ್ನು ಇಡಿಯಾಗಿ ನುಂಗುವ ಚಿತ್ರಗಳು ಬಹುಶಃ 'ವೋರ್' ಎಂಬ ಲೈಂಗಿಕ ಕಲ್ಪನೆಯವು. ಲ್ಯಾಟಿನ್‌ನ 'ವೊರಾರೆ', ಅಂದರೆ ನುಂಗುವುದು, ಆ ಹೆಸರಿನ ಮೂಲ. ಇದರ ತಿರುಳು ಹೆಚ್ಚಾಗಿ ಮಾಂಸ ತಿನ್ನುವ ಆಸೆಯಲ್ಲ. ಪೂರ್ತಿ ಒಬ್ಬರ ವಶವಾಗಿಬಿಡುವ, ಅವರೊಳಗೆ ಸೇರಿಹೋಗುವ ಆಸೆ. ನೀವು ಹೇಳಿದ ಚಿತ್ರಗಳಲ್ಲೂ ರಕ್ತವಿಲ್ಲ, ಉಬ್ಬಿದ ಹೊಟ್ಟೆ ಮಾತ್ರ.

ಮೊದಲು, ಮಕ್ಕಳು ಮಲಗಿದ ಮೇಲೆ, ಬೈಯದೆ ಕೇಳಿ: "ಇದು ಬರೀ ಕಲ್ಪನೆಯಾ?" ನಮ್ಮ ಮನೆಯಲ್ಲೂ ಹೀಗೇ ಆಗಿತ್ತು; ನನ್ನ ಗಂಡ ಅರ್ಧ ಗಂಟೆ ಅತ್ತು ಆಮೇಲೆ ಬಾಯಿಬಿಟ್ಟರು. ನಿಮ್ಮವರಿಗೇ ಅದು ಕಾಟವಾಗಿದ್ದರೆ ಮನೋವೈದ್ಯರ ಬಳಿ ಇಬ್ಬರೂ ಹೋಗಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416 ಕನ್ನಡದಲ್ಲೂ ಸಿಗುತ್ತದೆ.

ಚಿತ್ರ ನೋಡಿಯಷ್ಟೇ ಅಪಾಯ ಅಳೆಯಲಾಗದು. ಆದರೆ ಇದಕ್ಕಾಗಿ ನಿಜವಾದ ವ್ಯಕ್ತಿಯನ್ನು ಹುಡುಕುವ ಸಂದೇಶ ಕಂಡರೆ ತಡಮಾಡದೆ 112ಕ್ಕೆ ಕರೆ ಮಾಡಿ. 2001ರಲ್ಲಿ ಜರ್ಮನಿಯ ರೋಟೆನ್‌ಬುರ್ಗ್‌ನಲ್ಲಿ ಒಬ್ಬ ಇನ್ನೊಬ್ಬನನ್ನು ಕೊಂದು ತಿಂದದ್ದಕ್ಕೂ ಮುಂಚೆ ಅಂತರ್ಜಾಲದಲ್ಲಿ ಅಂಥ ಜಾಹೀರಾತೇ ಇತ್ತು.