ಬೋರ್ಡಿನ ಮೇಲಿನ ಆ ಲೆಕ್ಕ ನಿಜದ್ದೇ

ಅಮೆರಿಕದ ಕಾರ್ಟೂನ್ ಸರಣಿ ಫ್ಯೂಚುರಾಮಾದಲ್ಲಿ ಮನಸ್ಸುಗಳು ಅದಲುಬದಲಾಗುವ ಕಂತಿನ ಕೊನೆಗೆ ಬೋರ್ಡಿನ ಮೇಲೆ ಬರುವ ಲೆಕ್ಕ ಸುಮ್ಮನೆ ಗೀಚಿದ್ದಾ ಅಂತ ಕೇಳಿದ್ದೀರಿ. ಅಲ್ಲ, ಅಸಲಿ ಪ್ರಮೇಯವೇ. 2010ರ ಆ ಕಂತು ಬರೆದ ಕೆನ್ ಕೀಲರ್ ಅನ್ವಯಿಕ ಗಣಿತದಲ್ಲಿ ಡಾಕ್ಟರೇಟ್ ಮಾಡಿದವರು.

ಕಂತಿನಲ್ಲಿ ಮನಸ್ಸು ಅದಲುಬದಲು ಮಾಡುವ ಯಂತ್ರದ ತಕರಾರು ಇಷ್ಟೇ: ಒಮ್ಮೆ ಬದಲಾದ ಜೋಡಿ ದೇಹಗಳು ಮತ್ತೆ ತಮ್ಮತಮ್ಮಲ್ಲೇ ಬದಲಾಗುವಂತಿಲ್ಲ. ಆದರೆ ಎಷ್ಟೇ ಜನ ಕಲಸುಮೇಲೋಗರ ಆಗಿದ್ದರೂ ಹೊಸಬರು ಇಬ್ಬರು ಸಿಕ್ಕರೆ ಸಾಕು, ಎಲ್ಲರೂ ಸ್ವಸ್ಥಾನಕ್ಕೆ ಬರಬಹುದು. ನಾನೂ ನಾಲ್ಕು ಚೀಟಿ ಇಟ್ಟುಕೊಂಡು ಮಾಡಿ ನೋಡಿದೆ. ಅ, ಬ ಬದಲಾಗಿದ್ದಾರೆ. ಕ, ಡ ಹೊಸಬರು. ಅ–ಕ, ಬ–ಡ, ಅ–ಡ, ಬ–ಕ, ಕೊನೆಗೆ ಕ–ಡ. ಐದೇ ಹೆಜ್ಜೆ!

ಅಂದಹಾಗೆ, ಕಂತಿನಲ್ಲಿ ಇದನ್ನು ಬಿಡಿಸುವುದು ಯಂತ್ರ ಮಾಡಿದ ಪ್ರೊಫೆಸರ್ ಅಲ್ಲ, ಬ್ಯಾಸ್ಕೆಟ್‌ಬಾಲ್ ಆಟಗಾರರು. ನಾನು ಬಿದ್ದು ಬಿದ್ದು ನಕ್ಕಿದ್ದು ಅಲ್ಲೇ.